ಬೆಂಕಿಯುಗುಳುವವನ ಅರ್ಥಗಾರಿಕೆ

ತನಿಯಪ್ಪನನ್ನು ಮಾತಿನಲ್ಲಿ ಸೋಲಿಸಿದವರು ಕುವೈತಿನಲ್ಲಿ ಯಾರೂ ಇರಲಿಲ್ಲ. ಊರಿನಲ್ಲೂ ಇರಲಿಲ್ಲ ಎಂದು ಅವನೇ ಹೇಳಿಕೊಳ್ಳುತ್ತಿದ್ದ. ಅಲ್ಲವೆಂದು ಹೇಳಲು ಹೋದರೆ ಅದೂ ಒಂದು ವಾದವಾಗಿ, ಅದರಲ್ಲೂ ಅವನೇ ಗೆಲ್ಲುತ್ತಿದ್ದುದರಿಂದ ಯಾರೂ ಆ ಗೋಜಿಗೆ ಹೋಗುತ್ತಿರಲಿಲ್ಲ. ವಾರದ ಆರು ದಿನ ಅವನು ಬ್ನೇದ್ ಅಲ್ ಗಾರಿನ ಒಂದು ದೊಡ್ಡ ಹೋಟೆಲಿನ ಸ್ಟೋರ್ ಇನ್‌ಚಾರ್ಜ್. ಸೊಂಟದಲ್ಲಿ ಬೀಗದ ಕೈಗಳ ಗೊಂಚಲು, ಕಿವಿಯ ಮೇಲೆ ಪೆನ್ನು. ಅವನ ಕಣ್ಣು ತಪ್ಪಿಸಿ ಒಂದು ನಿಂಬೆಹಣ್ಣು ಆ ಸ್ಟೋರಿನಿಂದ ಆಚೆ ಹೋದದ್ದಿಲ್ಲ.

ಆದರೆ ಅದು ಹೊಟ್ಟೆಪಾಡು. ನಿಜವಾದ ತನಿಯಪ್ಪನನ್ನು ನೋಡಬೇಕಿದ್ದರೆ ವರ್ಷದಲ್ಲಿ ನಾಲ್ಕೈದು ಶುಕ್ರವಾರ ಹವಲ್ಲಿ ಬಡಾವಣೆಗೆ ಬರಬೇಕು. ಅಲ್ಲಿ ಬಂಟ್ವಾಳ ಕಡೆಯ ಅಹ್ಮದ್ ಬಾವಾನ ರೆಸ್ಟೋರೆಂಟಿನ ಮಾಳಿಗೆಯ ಹಾಲಿನಲ್ಲಿ ತಾಳಮದ್ದಳೆ ನಡೆಯುತ್ತಿತ್ತು. ವೇಷವಿಲ್ಲ, ಬಣ್ಣವಿಲ್ಲ, ಕುಣಿತವಿಲ್ಲ. ಭಾಗವತ ಒಂದು ಪದ ಹಾಡುತ್ತಾನೆ; ಎದುರುಬದುರು ಕುಳಿತ ಇಬ್ಬರು ಅರ್ಥಧಾರಿಗಳು ಪಾತ್ರಗಳೇ ಆಗಿ ಆ ಪದದ ಮೇಲೆ ಮಾತಿಗೆ ಮಾತು ಬೆಳೆಸುತ್ತಾರೆ. ಕಥೆಯ ಕೊನೆ ಏನೆಂದು ಎಲ್ಲರಿಗೂ ಗೊತ್ತು, ನಡುವಿನ ಮಾತು ಮಾತ್ರ ಯಾರಿಗೂ ಗೊತ್ತಿಲ್ಲ. ಸಾಯಬೇಕಾದ ರಾಕ್ಷಸ ಕೂಡ ಸಾಯುವ ಮೊದಲು ವಾದದಲ್ಲಿ ನಾಯಕನ ಬೆವರಿಳಿಸಬಹುದು. ತನಿಯಪ್ಪನಿಗೆ ಬೇಕಾದದ್ದು ಅದೇ. ಅವನ ಎದುರು ಕುಳಿತ ನಾಯಕರೆಲ್ಲ ಕೊಂದು ಗೆದ್ದವರೇ ಹೊರತು ಮಾತಾಡಿ ಗೆದ್ದವರಲ್ಲ.

ಈ ಚಾಳಿ ಮನೆಯೊಳಗೂ ಇತ್ತು ಎಂಬುದೇ ತಾಪತ್ರಯ. ಹೆಂಡತಿ ಕುಸುಮಾವತಿ ಏನಾದರೂ ಹೇಳಿದರೆ ತನಿಯಪ್ಪ ಮೂರು ಕಾರಣ ಮುಂದಿಡುತ್ತಿದ್ದ. ಮೂರಕ್ಕೂ ಅವಳು ಉತ್ತರ ಕೊಟ್ಟಳೋ, "ಖಲಾಸ್! ಮಾತು ಮುಗಿಯಿತು" ಎಂದು ಟಿ.ವಿ. ಹಾಕಿ ಕೂರುತ್ತಿದ್ದ. ಹತ್ತನೇ ತರಗತಿಯ ಮಗಳು ಅಪೇಕ್ಷಾಳದ್ದು ಇನ್ನೊಂದು ತರದ ಕಷ್ಟ. ಮನೆಯಲ್ಲಿ ಅಪ್ಪ ಅಮ್ಮ ಆಡುವ ತುಳು, ಕನ್ನಡ ಎರಡೂ ಅವಳಿಗೆ ಅರ್ಥವಾಗುತ್ತಿತ್ತು. ಬಾಯಿ ತೆರೆದರೆ ಮಾತ್ರ ಇಂಗ್ಲಿಷ್. ಅವಳು ಇಂಗ್ಲಿಷಿನಲ್ಲಿ ವಾದಕ್ಕೆ ಬಂದರೆ ತನಿಯಪ್ಪ, "ಎಂತ ಹೇಳ್ತೀಯೋ ನನಗೆ ಗೊತ್ತಾಗುದಿಲ್ಲ ಮಾರಾಯ್ತಿ" ಎಂದು ಕೈ ಝಾಡಿಸಿಬಿಡುತ್ತಿದ್ದ. ಹೋಟೆಲಿನಲ್ಲಿ ದಿನವಿಡೀ ಇಂಗ್ಲಿಷ್ ಮಾತಾಡುವ ಮನುಷ್ಯ! ನಾಚಿಕೆ ಬೇಡವೇ ಹೇಳಿ.

ಇಸವಿ ಎರಡು ಸಾವಿರದ ಹನ್ನೆರಡು. ಆ ಮಾರ್ಚಿನಲ್ಲಿ ಮನೆಯಲ್ಲಿ ನಡೆಯುತ್ತಿದ್ದ ವಾದ ಒಂದೇ. ಪರೀಕ್ಷೆ ಮುಗಿಸಿ ಅಪೇಕ್ಷಾ ಪಿಯುಸಿಗೆ ಊರಿಗೆ ಹೋಗುವುದು, ಜೊತೆಗೆ ಕುಸುಮಾವತಿಯೂ ಹೋಗುವುದು ಎಂದು ತೀರ್ಮಾನವಾಗಿತ್ತು. ಸುರತ್ಕಲ್ಲಿನಲ್ಲಿ ಎಂಟು ವರ್ಷದ ಹಿಂದೆ ಕಟ್ಟಿಸಿದ ಮನೆ ಇತ್ತು. ಅದರಲ್ಲಿ ತನಿಯಪ್ಪ ಈವರೆಗೆ ಮಲಗಿದ ರಾತ್ರಿಗಳನ್ನು ಒಟ್ಟು ಸೇರಿಸಿದರೂ ಒಂದು ಮಳೆಗಾಲ ತುಂಬುತ್ತಿರಲಿಲ್ಲ. ಸಾಲ ತೀರಿತ್ತು. ಮದುವೆ ಮಾಡಿಸಲು ತಂಗಿಯರು ಉಳಿದಿರಲಿಲ್ಲ. ಆದರೂ ತನಿಯಪ್ಪ ತಾನು ಮಾತ್ರ ಇಲ್ಲೇ ಇರುವುದೆಂದು ಹಟ ಹಿಡಿದಿದ್ದ. ಫ್ಲ್ಯಾಟ್ ಬಿಟ್ಟು ಎಗೈಲಾದಲ್ಲಿ ನಾಲ್ಕು ಜನರ ಜೊತೆ ಬ್ಯಾಚುಲರ್ ರೂಮಿಗೆ ಹೋಗುವುದು, ಹೋಟೆಲಿನವರು ಕೊಟ್ಟ ಹೊಸ ಕಾಂಟ್ರಾಕ್ಟಿಗೆ ಸಹಿ ಹಾಕುವುದು. "ಎರಡೇ ವರ್ಷ. ಆಮೇಲೆ ಬಂದೇ ಬಿಡುದು." ಹಾಗೆ ಅವನು ಹೇಳುತ್ತಿದ್ದದ್ದು ಇದು ಹತ್ತನೇ ಸಲ.

"ಕಮ್ ವಿತ್ ಅಸ್, ಪಪ್ಪಾ," ಎಂದಿದ್ದಳು ಅಪೇಕ್ಷಾ.

"ಬಂದು ಎಂತ ಮಾಡುದು ಮಗಾ? ಜಗಲಿಯಲ್ಲಿ ಕೂತು ಕಾಗೆ ಓಡಿಸುದಾ?"

"ಯು ಕ್ಯಾನ್ ಜಸ್ಟ್ ಬಿ ದೇರ್."

"ಖಲಾಸ್," ಎಂದಿದ್ದ ತನಿಯಪ್ಪ. ಟಿ.ವಿ.ಯ ರಿಮೋಟು ಕೈಯಲ್ಲೇ ಇತ್ತು.

ಅದಾಗಿ ಎರಡು ದಿನಕ್ಕೆ, ಊಟದ ಹೊತ್ತಿಗೆ, ಆ ಹುಡುಗಿಯ ಬಾಯಿಂದ ಬಂದ ಮಾತು ಕೇಳಿ ತನಿಯಪ್ಪನ ಗಂಟಲಲ್ಲಿ ಅನ್ನ ಸಿಕ್ಕಿಕೊಂಡಿತು. ತನಗೂ ತಾಳಮದ್ದಳೆಯಲ್ಲಿ ಕೂರಬೇಕಂತೆ! ಅಪ್ಪನ ಎದುರಿಗೇ ಕೂರಬೇಕಂತೆ! ಕುಸುಮಾವತಿ ಬೆನ್ನು ತಟ್ಟಿ ನೀರು ಕೊಟ್ಟಳು. ಹದಿನಾರು ವರ್ಷ ಒಂದು ಕನ್ನಡ ವಾಕ್ಯಕ್ಕೆ ಕಾದು ಕೂತಿದ್ದವನಿಗೆ ಇದು ಲಾಟರಿ ಹೊಡೆದ ಹಾಗೆಯೇ.

"ಯಾವ ಪ್ರಸಂಗ? ನೀನೇ ಹೇಳು, ಯಾವುದು ಬೇಕಾದ್ರೂ ಆದೀತು," ಎಂದ, ಕಣ್ಣೊರೆಸಿಕೊಳ್ಳುತ್ತ.

"ಡ್ರ್ಯಾಗನ್."

ತನಿಯಪ್ಪ ಹೆಂಡತಿಯ ಮುಖ ನೋಡಿದ. ಮಗಳ ಕೋಣೆಯ ಗೋಡೆ ತುಂಬ ಅಂಟಿಸಿದ ಆ ರೆಕ್ಕೆಯ ಹಲ್ಲಿಗಳು ಅವನಿಗೆ ಗೊತ್ತಿದ್ದವು. ಜರ್ಮನಿಯ ಕಡೆಯ ಹಳೆಯ ಕಥೆಗಳೆಂದರೆ ಅವಳಿಗೆ ಹುಚ್ಚು. ಲೈಬ್ರರಿಯಿಂದ ತಂದು, ಇಂಟರ್ನೆಟ್ಟಿನಿಂದ ಪ್ರಿಂಟ್ ತೆಗೆದು ಓದುತ್ತಿದ್ದಳು.

"ಅದೆಂತ ಪ್ರಸಂಗ ಮಗಾ? ದೇವರಿಲ್ಲ, ಋಷಿ ಇಲ್ಲ, ಒಂದು ಶಾಪವಾದ್ರೂ ಬೇಡ್ವಾ?"

"ಶಾಪ ಉಂಟು," ಎಂದಳು ಅಪೇಕ್ಷಾ. ಆ ಎರಡು ಪದ ಕನ್ನಡದಲ್ಲೇ ಬಂದವು. "ಗೋಲ್ಡಿಗೇ ಶಾಪ."

ತನಿಯಪ್ಪನ ಕಿವಿ ನೆಟ್ಟಗಾಯಿತು. ಚಿನ್ನಕ್ಕೆ ಶಾಪವೆಂದರೆ ಅರ್ಥಧಾರಿಗೆ ಒಂದು ಗಂಟೆಯ ಮಾತು. ಮಗಳು ಅರ್ಧ ಇಂಗ್ಲಿಷಿನಲ್ಲಿ ಕಥೆ ಹೇಳಿದಳು. ಒಬ್ಬ ಮನುಷ್ಯನಿಗೆ ಶಾಪ ತಗುಲಿದ ಹೊನ್ನಿನ ರಾಶಿ ಸಿಗುತ್ತದೆ. ಅದನ್ನು ಕಾಯಲು ಅವನು ಅದರ ಮೇಲೇ ಮಲಗುತ್ತಾನೆ. ಮಲಗಿ ಮಲಗಿ ಮೈಮೇಲೆ ಹುರುಪೆ ಮೂಡಿ, ಬಾಲ ಬೆಳೆದು, ಬಾಯಲ್ಲಿ ಬೆಂಕಿ ಬಂದು ಡ್ರ್ಯಾಗನ್ ಆಗುತ್ತಾನೆ. ಕೊನೆಗೆ ಒಬ್ಬ ರಾಜಕುಮಾರ ಬಂದು, ಅವನು ನೀರಿಗೆ ಹೋಗುವ ದಾರಿಯಲ್ಲಿ ಗುಂಡಿ ತೋಡಿ, ಒಳಗೆ ಅಡಗಿ ಕುಳಿತು, ಕೆಳಗಿನಿಂದ ಹೊಟ್ಟೆಗೆ ಈಟಿ ಚುಚ್ಚುತ್ತಾನೆ.

"ಅದು ಊರಿನವರನ್ನು ತಿನ್ನುತ್ತದಾ?"

"ನೋ ಪಪ್ಪಾ. ಅದು ಎಂತ ಮಾಡುದಿಲ್ಲ. ಚಿನ್ನದ ಮೇಲೆ ಮಲಗ್ತದೆ, ಅಷ್ಟೇ. ದಟ್ಸ್ ದ ಪಾಯಿಂಟ್."

"ಹಾಗಾದ್ರೆ ಡ್ರ್ಯಾಗನ್ ನಾನು."

"ಕಡೆಗೆ ಸಾಯ್ತದೆ," ಎಂದು ಮಗಳು ಎಚ್ಚರಿಸಿದಳು.

"ಸಾಯುವವನಿಗೇ ಮಾತು ಜಾಸ್ತಿ ಮಗಾ," ಎಂದು ತನಿಯಪ್ಪ ಮೀಸೆ ಸವರಿಕೊಂಡ. ಮಗಳು ತಟ್ಟೆ ನೋಡುತ್ತ ನಕ್ಕದ್ದು ಅವನಿಗೆ ಕಾಣಿಸಲಿಲ್ಲ.

ಪದ ಕಟ್ಟುವ ಕೆಲಸ ಭಾಗವತ ರೋಹಿದಾಸನಿಗೆ ಬಿತ್ತು. ಅವನು ಹವಲ್ಲಿಯ ಒಂದು ಮೊಬೈಲ್ ಅಂಗಡಿಯಲ್ಲಿ ರಿಪೇರಿ ಮಾಡುತ್ತಿದ್ದ. ಕಣ್ಣಿಗೆ ಭೂತಗನ್ನಡಿ ಸಿಕ್ಕಿಸಿಕೊಂಡು ಫೋನಿನ ಹೊಟ್ಟೆ ಬಗೆಯುತ್ತಲೇ ಪದ ಗುನುಗುವ ಅಭ್ಯಾಸ. ಮದ್ದಳೆ ಬಾರಿಸುವವನು ಆಸ್ಪತ್ರೆಯಲ್ಲಿ ಕೆಲಸಕ್ಕಿದ್ದ ಡೋಲ್ಫಿ. ಊರಿನಲ್ಲಿ ಮದುವೆ ಬ್ಯಾಂಡಿನಲ್ಲಿ ಡ್ರಮ್ ಬಾರಿಸುತ್ತಿದ್ದವನು ಕುವೈತಿಗೆ ಬಂದ ಮೇಲೆ ಮದ್ದಳೆ ಕಲಿತವನು. ಡ್ರ್ಯಾಗನ್ ಎಂದದ್ದೇ ಡೋಲ್ಫಿಗೆ ಖುಷಿಯೋ ಖುಷಿ. "ಅದು ನಮ್ಮ ಇಗರ್ಜಿಯ ಗೋಡೆಯಲ್ಲಿ ಉಂಟಲ್ಲ ಮಾರಾಯ್ರೆ! ಕುದುರೆ ಮೇಲೆ ಕೂತ ಸಂತರು ಈಟಿ ಚುಚ್ಚುದು ಅದಕ್ಕೇ. ಅಂತೂ ನಮ್ಮವನೊಬ್ಬ ನಿಮ್ಮ ಪ್ರಸಂಗಕ್ಕೆ ಬಂದ."

"ಬೆಂಕಿಗೆ ಎಂತ ಮಾಡುದು?" ಎಂದು ಅಹ್ಮದ್ ಬಾವಾ ಗಾಬರಿಯಾದ. "ನನ್ನ ಹಾಲಿನಲ್ಲಿ ಊದುಬತ್ತಿ ಹಚ್ಚಿದ್ರೂ ಅಲಾರಾಂ ಹೊಡೀತದೆ."

"ತಾಳಮದ್ದಳೆಯಲ್ಲಿ ಬೆಂಕಿ ಬಾಯಲ್ಲೇ ಬರುದು ಬಾವಾಕ," ಎಂದ ತನಿಯಪ್ಪ.

ಮೂರು ವಾರ ಅಪೇಕ್ಷಾ ಪರೀಕ್ಷೆಯ ನಡುವೆಯೂ ರೋಹಿದಾಸನ ಕೌಂಟರಿನ ಮುಂದೆ ಸ್ಟೂಲು ಎಳೆದು ಕುಳಿತು ಕನ್ನಡ ಮಾತು ಕಲಿತಳು. ಇಂಗ್ಲಿಷ್ ಅಕ್ಷರದಲ್ಲಿ ಕನ್ನಡ ಬರೆದುಕೊಂಡ ಒಂದು ನೋಟುಪುಸ್ತಕ ಅವಳ ಕೈಯಲ್ಲಿ ಯಾವಾಗಲೂ ಇರುತ್ತಿತ್ತು. ಅದರಲ್ಲಿ ಏನಿದೆ ಎಂದು ತನಿಯಪ್ಪ ಕೇಳಲಿಲ್ಲ. ಎದುರಾಳಿ ಯಾವ ಮಾತು ಇಟ್ಟುಕೊಂಡಿದ್ದಾನೆಂದು ಮೊದಲೇ ವಿಚಾರಿಸುವುದು ಅರ್ಥಧಾರಿಯ ಮರ್ಯಾದೆಯಲ್ಲ. ಅವನು ಮಾಡಿದ್ದೇನೆಂದರೆ, ಮಗಳು ಸ್ಕೂಲಿಗೆ ಹೋದಾಗ ಅವಳ ಪ್ರಿಂಟುಗಳನ್ನು ತೆಗೆದು, ಹೋಟೆಲಿನ ಸ್ಟೋರಿನಲ್ಲಿ ಅಕ್ಕಿ ಮೂಟೆಯ ಮೇಲೆ ಕುಳಿತು, ಡಿಕ್ಷನರಿ ಇಟ್ಟುಕೊಂಡು ಓದಿದ. ಇಂಗ್ಲಿಷ್ ಗೊತ್ತಾಗುವುದಿಲ್ಲವೆಂದವನು! ಓದುವಾಗ ಒಂದು ಕಡೆ ಅವನಿಗೆ ಬೇಕಾದ ಅಸ್ತ್ರ ಸಿಕ್ಕಿತು. ಅದನ್ನು ಯಾರಿಗೂ ಹೇಳದೆ ಎದೆಯೊಳಗೆ ಇಟ್ಟುಕೊಂಡ.

ಮಾರ್ಚಿನ ಕೊನೆಯ ಶುಕ್ರವಾರ ಸಂಜೆ ಬಾವಾನ ಹಾಲು ತುಂಬಿತು. ಭಾನುವಾರ ಕಾಂಟ್ರಾಕ್ಟಿಗೆ ಸಹಿ ಹಾಕಬೇಕಾದ ದಿನ. ಆ ಕಾಗದ ತನಿಯಪ್ಪನ ಕಾರಿನ ಡ್ಯಾಶ್‌ಬೋರ್ಡಿನಲ್ಲೇ ಇತ್ತು. ಎಂಬತ್ತು ಕುರ್ಚಿ ಹಾಕಿದ್ದರು, ನೂರಿಪ್ಪತ್ತು ಜನ ಬಂದಿದ್ದರು. ಹೆಚ್ಚಿನವರು ಹೆಂಡತಿ ಮಕ್ಕಳನ್ನು ಊರಿನಲ್ಲಿ ಬಿಟ್ಟು ಬಂದ ಗಂಡಸರು. ಮಾಳಿಗೆಯ ಒಂದು ಬದಿಯಲ್ಲಿ ಜಮಖಾನ ಹಾಸಿ, ನಡುವೆ ರೋಹಿದಾಸ ಜಾಗಟೆ ಹಿಡಿದು ಕುಳಿತ. ಬಲಕ್ಕೆ ಡೋಲ್ಫಿ ಮದ್ದಳೆಯ ಮುಂದೆ. ಎಡಕ್ಕೆ ಬಿಳಿ ಪಂಚೆ, ಶಾಲು ಹೊದ್ದ ತನಿಯಪ್ಪ. ಅವನೆದುರು ಚೂಡಿದಾರದ ಮೇಲೆ ಅಮ್ಮನ ಜರಿ ಶಾಲು ಹೊದ್ದ ಅಪೇಕ್ಷಾ. ಮುಂದಿನ ಸಾಲಿನಲ್ಲಿದ್ದ ಕುಸುಮಾವತಿ ತನ್ನ ಕೈಯನ್ನೇ ಬಿಗಿಯಾಗಿ ಹಿಡಿದುಕೊಂಡಿದ್ದಳು.

ರೋಹಿದಾಸ ಪದ ಎತ್ತಿದ. ಮದ್ದಳೆ ನಿಂತಿತು. ತನಿಯಪ್ಪ ಕಣ್ಣು ಮುಚ್ಚಿ ತೆರೆದ, ಪೀಠಿಕೆ ಶುರುವಾಯಿತು.

"ನನ್ನನ್ನು ಲೋಭಿ ಎನ್ನುತ್ತದೆ ಈ ಲೋಕ! ಈ ಹೊನ್ನಿನಲ್ಲಿ ಒಂದು ಗುಲಗಂಜಿಯಷ್ಟನ್ನಾದರೂ ನಾನು ತಿಂದಿದ್ದೇನೆಯೇ? ತೊಟ್ಟಿದ್ದೇನೆಯೇ? ಹೊನ್ನು ನನ್ನ ಹಾಸಿಗೆ, ನಿಜ. ಆದರೆ ಒಮ್ಮೆ ಮಲಗಿ ನೋಡಿ, ಅದು ಎಷ್ಟು ಒತ್ತುತ್ತದೆಂದು ಆಗ ತಿಳಿಯುತ್ತದೆ!"

ಹಿಂದಿನ ಸಾಲಿನಿಂದ ಯಾರೋ "ಸರಿ ಹೇಳಿದ್ರಿ!" ಎಂದರು.

"ಬೆಂಕಿಯುಗುಳುವವನು ಎನ್ನುತ್ತೀರಿ. ಯಾಕೆ ಉಗುಳುತ್ತೇನೆ? ದೂರದಲ್ಲಿ ಯಾರದೋ ಮನೆಯ ಒಲೆ ಆರಬಾರದೆಂದು ನಾನಿಲ್ಲಿ ಉರಿಯುತ್ತೇನೆ! ಮಲೆ ಕಾಣದ, ಮಳೆ ಕಾಣದ ಈ ಸುಡುವ ನೆಲದಲ್ಲಿ ಒಂಟಿಯಾಗಿ ಉರಿಯುತ್ತೇನೆ! ಉರಿಯುವವನ ಬಾಯಲ್ಲಿ ಬೆಂಕಿಯಲ್ಲದೆ ಪನ್ನೀರು ಬರುತ್ತದೆಯೇ?"

ಜರ್ಮನಿಯ ಕಾಡಿಗೆ ಸುಡುವ ನೆಲ ಎಲ್ಲಿಂದ ಬಂತೆಂದು ಯಾರೂ ಕೇಳಲಿಲ್ಲ. ಚಪ್ಪಾಳೆಯೋ ಚಪ್ಪಾಳೆ. ಬಾಗಿಲಲ್ಲಿ ನಿಂತಿದ್ದ ಅಹ್ಮದ್ ಬಾವಾ ಸೀಟಿ ಹೊಡೆದ. ಪಾಪ, ತನಿಯಪ್ಪ ಉಬ್ಬಿಹೋದ. ಮಗಳು ಹೆದರಿಬಿಟ್ಟಾಳೆಂದು ಒಂದು ಕ್ಷಣ ಮರುಕವೂ ಆಯಿತು. ನಾಲ್ಕು ಮಾತು ಆಡಲಿ, ಆಮೇಲೆ ಮೆಲ್ಲಗೆ ಸತ್ತರಾಯಿತು ಎಂದುಕೊಂಡ.

ರಾಜಕುಮಾರನ ಪದ ಮುಗಿಯಿತು. ಅಪೇಕ್ಷಾ ಬಾಯಿ ತೆರೆದಳು, ಮುಚ್ಚಿದಳು. ಮತ್ತೆ ತೆರೆದಳು. ನೋಟುಪುಸ್ತಕ ಕೈಯಲ್ಲಿರಲಿಲ್ಲ.

"ಎಲೈ ಮಹಾಸರ್ಪವೇ," ಎಂದಳು. ಒಂದೊಂದು ಅಕ್ಷರವನ್ನೂ ನೆಲದ ಮೇಲೆ ಜೋಪಾನವಾಗಿ ಇಟ್ಟ ಹಾಗೆ. "ನಿನ್ನ ಮಾತು ಕೇಳಿದೆ. ಚೆನ್ನಾಗಿದೆ. ನನಗೆ ಒಂದು ಪ್ರಶ್ನೆ ಇದೆ. ನೀನು ಹುಟ್ಟುವಾಗಲೇ ಸರ್ಪವೋ?"

"ಅಲ್ಲ ಕುಮಾರಾ. ನಿನ್ನ ಹಾಗೆಯೇ ಮನುಷ್ಯನಾಗಿದ್ದೆ."

"ಹೊನ್ನಿನ ಮೇಲೆ ಮಲಗಲು ಬಂದಾಗ, ಎಷ್ಟು ಕಾಲ ಮಲಗುವೆನೆಂದು ಬಂದೆ?"

ಈಗ ನೋಡಿ, ಅರ್ಥಧಾರಿಗೆ ಒಂದು ಚಟ ಇರುತ್ತದೆ. ಎದುರಿನಲ್ಲಿ ಜನ ನಗಲು ಕಾದಿದ್ದಾರೆಂದು ವಾಸನೆ ಹತ್ತಿದರೆ ಸಾಕು, ನಗಿಸದೆ ಬಿಡಲಾಗುವುದಿಲ್ಲ. ಅದು ಮನೆಹಾಳು ಚಟ. ತನಿಯಪ್ಪ ಸಭೆಯ ಕಡೆ ಒಮ್ಮೆ ಕಣ್ಣಾಡಿಸಿ, ಎರಡು ಬೆರಳೆತ್ತಿ ತೋರಿಸಿ, "ಎರಡೇ ವರ್ಷ ಎಂದು ಬಂದೆ ಕುಮಾರಾ!" ಎಂದ.

ಹಾಲಿನ ಚಾವಣಿ ಹಾರಿಹೋಗುವಂತೆ ನಕ್ಕರು. ನೂರಿಪ್ಪತ್ತು ಜನರಲ್ಲಿ ಎರಡೇ ವರ್ಷವೆಂದು ಬರದವನು ಒಬ್ಬನೂ ಇರಲಿಲ್ಲ. ಡೋಲ್ಫಿ ನಗು ತಡೆಯಲಾಗದೆ ಮದ್ದಳೆಯ ಮೇಲೆ ಒಂದು ಪೆಟ್ಟು ಬಾರಿಸಿಯೇಬಿಟ್ಟ.

ಅಪೇಕ್ಷಾ ನಗಲಿಲ್ಲ. ನಗು ಇಳಿಯುವವರೆಗೂ ಕಾದಳು. "ಈಗ ಎಷ್ಟಾಯಿತು?"

"ಇಪ್ಪತ್ತು," ಎಂದ ತನಿಯಪ್ಪ. ಅದಕ್ಕೂ ನಕ್ಕರು, ಆದರೆ ಎಲ್ಲರೂ ಅಲ್ಲ.

"ಮೈಮೇಲೆ ಹುರುಪೆ ಮೂಡಿದ್ದು ಯಾವಾಗ?"

"ಒಂದೇ ದಿನದಲ್ಲಿ ಮೂಡಿದ್ದಲ್ಲ. ಇಂದು ಒಂದು, ನಾಳೆ ಒಂದು. ನೋವಾಗಲಿಲ್ಲ, ಹಾಗಾಗಿ ತಿಳಿಯಲಿಲ್ಲ." ಈ ಮಾತು ಎಲ್ಲಿಂದ ಬಂತೆಂದು ತನಿಯಪ್ಪನಿಗೇ ಗೊತ್ತಾಗಲಿಲ್ಲ. ನಗಿಸಲು ಹೊರಟಿದ್ದವನು ನಗಿಸದೆ ಕುಳಿತಿದ್ದ. ಪಂಚೆಯ ಒಳಗೆ ಬೆವರು ಇಳಿಯತೊಡಗಿತು. ಹುಡುಗಿ ಎಲ್ಲಿಗೆ ಕರೆದುಕೊಂಡು ಹೋಗುತ್ತಿದ್ದಾಳೆಂದು ಈಗ ಅರ್ಥವಾಗಿತ್ತು. ಇದು ಜರ್ಮನಿಯ ಗುಹೆಯಲ್ಲ, ಹವಲ್ಲಿಯ ನಾಲ್ಕನೇ ಮಾಳಿಗೆಯಲ್ಲಿರುವ ತಮ್ಮದೇ ಫ್ಲ್ಯಾಟು! ಮನೆಯಲ್ಲಾದರೆ ಇಷ್ಟರಲ್ಲಿ ಖಲಾಸ್ ಎನ್ನಬಹುದಿತ್ತು. ಇಲ್ಲಿ ಎದುರಿನವನು ಇಟ್ಟ ಮಾತಿಗೆ ಉತ್ತರ ಕೊಡದೆ ಎದ್ದು ಹೋಗುವ ಹಾಗಿಲ್ಲ. ಇದೇ ಕಾರಣಕ್ಕೆ ಈ ಹುಡುಗಿ ಇಲ್ಲಿಗೆ ಬಂದು ಕೂತಿದ್ದಾಳೆ!

ಸಿಟ್ಟು ಬಂತು. ಸಿಟ್ಟಿನ ಹಿಂದೆಯೇ ಹೆಮ್ಮೆಯೂ ಬಂತು, ಅದೇ ಇನ್ನೂ ಕಷ್ಟವಾದದ್ದು. ಆದರೆ ತನಿಯಪ್ಪ ಸೋಲುವ ಪೈಕಿಯಲ್ಲ. ಎದೆಯೊಳಗೆ ಬಚ್ಚಿಟ್ಟಿದ್ದ ಅಸ್ತ್ರವನ್ನು ಹೊರತೆಗೆದ.

"ಕುಮಾರಾ, ನೀನು ಓದಿದ್ದು ಸಾಲದು! ಹೊನ್ನಿನ ಮೇಲೆ ಬಿದ್ದಿರುವ ಡ್ರ್ಯಾಗನ್ ಒಂದೇ ಎಂದು ತಿಳಿದೆಯಾ? ನಿನ್ನ ದೇಶದ ಹಳ್ಳಿಯ ಅಜ್ಜಿಯರನ್ನು ಕೇಳು. ಡ್ರಾಕ್ ಎಂಬ ಇನ್ನೊಂದು ಡ್ರ್ಯಾಗನ್ ಉಂಟು. ಬಾಲದಲ್ಲಿ ಬೆಂಕಿ ಚೆಲ್ಲುತ್ತ ಆಕಾಶದಲ್ಲಿ ಹಾರುತ್ತದೆ. ತಾನು ಹಿಡಿದ ಮನೆಗೆ ಹಾಲು ತರುತ್ತದೆ, ಧಾನ್ಯ ತರುತ್ತದೆ, ಹೊನ್ನು ತರುತ್ತದೆ. ಆ ಮನೆಯವರು ಬಡವರಾಗುವುದಿಲ್ಲ. ನಾನು ಕಾಯುವವನಲ್ಲ ಕುಮಾರಾ, ತರುವವನು! ನಾನು ಆ ಡ್ರಾಕಿನ ಕುಲ!"

ಸಭೆ ಮತ್ತೆ ಚಪ್ಪಾಳೆ ತಟ್ಟಿತು. ತಟ್ಟಿದವರಿಗೆ ಹಾಯೆನಿಸಿದ್ದು ಅವರ ಮುಖದಲ್ಲೇ ಕಾಣುತ್ತಿತ್ತು. ತಾವೂ ತರುವವರೇ ತಾನೇ. ತನಿಯಪ್ಪ ಶಾಲು ಸರಿಪಡಿಸಿಕೊಂಡು ಮಗಳನ್ನು ನೋಡಿದ. ಮಗಳು ಬೆನ್ನು ನೆಟ್ಟಗೆ ಮಾಡಿ ಕುಳಿತಿದ್ದಳು.

"ಸಂತೋಷ," ಎಂದಳು. "ಆ ಡ್ರಾಕ್ ಮನೆಯೊಳಗೆ ಹೇಗೆ ಬರುತ್ತದೆ?"

"ಹೊಗೆಗೂಡಿನಿಂದ ಇಳಿದು ಬರುತ್ತದೆ."

"ಎಷ್ಟು ದಿನಕ್ಕೊಮ್ಮೆ?"

"ಕತ್ತಲಾದ ಮೇಲೆ, ಪ್ರತಿದಿನ," ಎಂದ. ಓದಿದ್ದು ಹಾಗೆಯೇ ಇತ್ತು, ಬೇರೆ ಹೇಳುವಂತಿಲ್ಲ.

"ಬಂದ ಮೇಲೆ?"

"ಒಲೆಯ ಬದಿಯಲ್ಲಿ ಮನೆಯವರು ಅದಕ್ಕೆಂದು ನವಣೆಯ ಗಂಜಿ ಇಟ್ಟಿರುತ್ತಾರೆ. ಅದನ್ನು ಕುಡಿಯು..." ತನಿಯಪ್ಪ ಅಲ್ಲಿಗೇ ನಿಂತ.

"ಹೇಳು ಡ್ರಾಕಿನ ಕುಲದವನೇ. ಗಂಜಿಯನ್ನು ಯಾರು ಕುಡಿಯುತ್ತಾರೆ? ಹೊನ್ನಿನ ಗಂಟು ಕುಡಿಯುತ್ತದೆಯೋ, ಡ್ರಾಕ್ ಕುಡಿಯುತ್ತದೆಯೋ?"

ತನಿಯಪ್ಪ ಸರಿಪಡಿಸಿದ್ದ ಶಾಲನ್ನೇ ಮತ್ತೆ ಸರಿಪಡಿಸಿದ.

"ಆ ಡ್ರಾಕ್ ಬರುತ್ತದೆ," ಎಂದಳು ಅಪೇಕ್ಷಾ. ಈಗ ಅಕ್ಷರಗಳು ತಾವಾಗಿಯೇ ಬರುತ್ತಿದ್ದವು. ಅಲ್ಲೊಂದು ಇಲ್ಲೊಂದು ಒತ್ತು ತಪ್ಪುತ್ತಿತ್ತು, ಯಾರಿಗೆ ಬೇಕು ಅದು! "ಅದು ಯಾರ ಕೈಯಲ್ಲೂ ಕಳಿಸುವುದಿಲ್ಲ. ತಾನೇ ಬರುತ್ತದೆ. ಮೈಗೆಲ್ಲ ಮಸಿ ಮೆತ್ತಿಕೊಂಡು ಬರುತ್ತದೆ. ಹಾಲು ತಂದದ್ದಕ್ಕೆ ಅಲ್ಲ, ಬಂದದ್ದಕ್ಕೆ ಮನೆಯವರಿಗೆ ಸಂತೋಷ. ನೀನು ಇನ್ನು ಇಲ್ಲೇ ಮಲಗಿ ಎಲ್ಲವನ್ನೂ ಕಳಿಸುವೆ. ನಾವು ಒಲೆಯ ಹತ್ತಿರ ಗಂಜಿ ಇಟ್ಟು ಕೂರುತ್ತೇವೆ. ಅದು ದಿನಾ ಆರಿಹೋಗುತ್ತದೆ."

ರಾಜಕುಮಾರ "ನಾವು" ಎಂದದ್ದನ್ನು ಇಡೀ ಹಾಲು ಗಮನಿಸಿತು.

ಅರ್ಥಧಾರಿ ಸಿಕ್ಕಿಬಿದ್ದಾಗ ಅವನಿಗೆ ಉಳಿದಿರುವ ದಾರಿ ಒಂದೇ. ಭಾಗವತನ ಕಡೆ ನೋಡಬೇಕು. ಭಾಗವತ ಅದನ್ನು ಅರ್ಥಮಾಡಿಕೊಂಡು ಜಾಗಟೆ ತಟ್ಟಿ ಮುಂದಿನ ಪದ ಎತ್ತುತ್ತಾನೆ, ಮಾತು ಅಲ್ಲಿಗೆ ತುಂಡಾಗುತ್ತದೆ, ಮರ್ಯಾದೆ ಉಳಿಯುತ್ತದೆ. ಮೂವತ್ತು ವರ್ಷದಲ್ಲಿ ಎಷ್ಟೋ ಜನ ತನಿಯಪ್ಪನ ಎದುರು ಕುಳಿತು ಹಾಗೆ ಭಾಗವತನ ಮುಖ ನೋಡಿದ್ದರು. ಈಗ ತನಿಯಪ್ಪ ನೋಡಿದ. ರೋಹಿದಾಸ ಜಾಗಟೆಯನ್ನು ತೊಡೆಯ ಮೇಲೆ ಅಂಗಾತ ಮಲಗಿಸಿ, ಎರಡೂ ಕೈ ಅದರ ಮೇಲಿಟ್ಟು, ಚಾವಣಿಯ ಫ್ಯಾನು ನೋಡುತ್ತಿದ್ದ. ಫ್ಯಾನು ತಿರುಗುತ್ತಲೂ ಇರಲಿಲ್ಲ. ಡೋಲ್ಫಿಯ ಕಡೆ ತಿರುಗಿದರೆ ಅವನು ಮದ್ದಳೆಯ ಹಗ್ಗ ಬಿಗಿಮಾಡುವ ಕೆಲಸದಲ್ಲಿ ಮುಳುಗಿದ್ದ. ಕಳ್ಳರು! ಎಲ್ಲರೂ ಸೇರಿಯೇ ಮಾಡಿದ್ದರು.

ತನಿಯಪ್ಪ ಉತ್ತರ ಹುಡುಕಿದ. ಪಿಯುಸಿ ಫೀಸು ಎನ್ನಬಹುದಿತ್ತು, ಅದಕ್ಕೆ ಬೇಕಾದದ್ದು ಇತ್ತು. ಮನೆಗೆ ಮೇಲೊಂದು ಮಾಳಿಗೆ ಎನ್ನಬಹುದಿತ್ತು, ಇದ್ದ ಕೋಣೆಗಳಲ್ಲೇ ಮಲಗುವವರಿರಲಿಲ್ಲ. ಊರಿಗೆ ಹೋದರೆ ಸೊಂಟದಲ್ಲಿ ಬೀಗದ ಕೈಗಳ ಗೊಂಚಲಿಲ್ಲದ ತನಿಯಪ್ಪನನ್ನು ಯಾರು ಕೇಳುತ್ತಾರೆಂಬ ಭಯವೊಂದು ನಿಜವಾಗಿಯೂ ಇತ್ತು. ಅದನ್ನು ಅವನು ಇಷ್ಟು ವರ್ಷ ತನಗೂ ಹೇಳಿಕೊಂಡಿರಲಿಲ್ಲ. ಮುಂದಿನ ಸಾಲಿನಲ್ಲಿ ಕುಸುಮಾವತಿ ಅವನನ್ನೇ ನೋಡುತ್ತಿದ್ದಳು. ಗೆದ್ದ ಮುಖವಲ್ಲ ಅದು. ಕಾದು ಕಾದು ಅಭ್ಯಾಸವಾದ ಮುಖ.

"ಕುಮಾರಾ," ಎಂದ. ಸ್ವರ ಅರ್ಥಧಾರಿಯದ್ದಾಗಿರಲಿಲ್ಲ. "ನನ್ನಲ್ಲಿ ಉತ್ತರವಿಲ್ಲ. ಚುಚ್ಚು ನಿನ್ನ ಈಟಿಯನ್ನು."

"ಈಟಿ ಬೇಡ. ನಾನು ಕೊಲ್ಲಲಿಕ್ಕೆ ಬಂದವನಲ್ಲ. ಕರೆಯಲಿಕ್ಕೆ ಬಂದವನು. ಏಳು. ಹೊನ್ನಿನ ಮೇಲಿಂದ ಎದ್ದರೆ ಹುರುಪೆ ತಾನಾಗಿ ಉದುರುತ್ತದೆ."

ಇಂಥದ್ದೊಂದು ಪ್ರಸಂಗದಲ್ಲಿ ಇರಲೇ ಇಲ್ಲ. ಡ್ರ್ಯಾಗನ್ ಸಾಯಬೇಕಿತ್ತು, ರೋಹಿದಾಸ ಅದಕ್ಕೊಂದು ಪದವನ್ನೂ ಬರೆದಿದ್ದ. ತಾಳಮದ್ದಳೆಯಲ್ಲಿ ಅರ್ಥಧಾರಿ ಕುಳಿತಲ್ಲಿಂದ ಏಳುವ ಕ್ರಮವೂ ಇಲ್ಲ. ತನಿಯಪ್ಪ ಎರಡೂ ಕೈಗಳನ್ನು ಜಮಖಾನಕ್ಕೆ ಊರಿ, ಮಂಡಿ ಲಟಕ್ಕೆನ್ನಿಸಿ, ಎದ್ದು ನಿಂತ.

ಅಪೇಕ್ಷಾ ತಲೆಯೆತ್ತಿ ನೋಡಿದಳು. ಮುಂದಿನ ಮಾತು ರಾಜಕುಮಾರನದ್ದು. ಆದರೆ ರಾಜಕುಮಾರ ಎಲ್ಲಿಯೋ ಹೋಗಿಬಿಟ್ಟಿದ್ದ. "ಪಪ್ಪಾ," ಎಂದಳು, ಸಣ್ಣ ದನಿಯಲ್ಲಿ, "ಫಾರ್ ರಿಯಲ್?"

ಸಭೆಯ ಎದುರು ಪಾತ್ರ ಬಿಟ್ಟು ಮಾತಾಡುವುದು ಮಹಾಪರಾಧ. ಕೆಮ್ಮು ಬಂದರೂ ಪಾತ್ರದ ಒಳಗೇ ಕೆಮ್ಮಬೇಕೆಂದು ಹೊಸಬರಿಗೆ ಉಪದೇಶ ಮಾಡುತ್ತಿದ್ದವನು ತನಿಯಪ್ಪನೇ. "ಹೌದು ಮಗಾ," ಎಂದ ಅವನು, ಮನೆಯಲ್ಲಿ ಮಾತಾಡುವ ಹಾಗೆ. "ಸಹಿ ಹಾಕುದಿಲ್ಲ. ನಿಮ್ಮೊಟ್ಟಿಗೇ ಬರ್ತೇನೆ."

ಆಗ ರೋಹಿದಾಸ ಜಾಗಟೆ ಎತ್ತಿಕೊಂಡು ಮಂಗಳ ಹಾಡಿದ. ಸಹಜಕ್ಕಿಂತ ಒಂದು ಸುರ ಮೇಲೆ ಹಾಡಿದ, ದನಿ ಒಡೆಯಿತು, ಆದರೂ ಹಾಡಿದ. ಕುರ್ಚಿಗಳಲ್ಲಿ ಕುಳಿತ ಗಂಡಸರು ಚಪ್ಪಾಳೆ ತಟ್ಟುವುದನ್ನು ಮರೆತು ಕುಳಿತಿದ್ದರು. ಆಮೇಲೆ ತಟ್ಟಿದರು, ನಿಲ್ಲಿಸಲೇ ಇಲ್ಲ. ಕೆಲವರು ಫೋನು ಹಿಡಿದುಕೊಂಡು ಮೆಟ್ಟಿಲ ಕಡೆ ಹೋದರು. ಊರಿನಲ್ಲಿ ಆಗ ಊಟ ಮುಗಿಸಿ ಮಲಗುವ ಹೊತ್ತು, ಆದರೂ ಕರೆ ಮಾಡಿದರು.

ಬಾವಾನ ಬಿರಿಯಾನಿ ಬಡಿಸುವಾಗ ತನಿಯಪ್ಪನ ಸುತ್ತ ಗುಂಪು. ಸಮಾಧಾನ ಹೇಳಲು ಬಂದವರಿಗೆ ಅವನು ಮಾತಾಡಲಿಕ್ಕೇ ಬಿಡಲಿಲ್ಲ. "ನೋಡಿದ್ರಾ ಹೇಗೆ ಕಟ್ಟಿ ಹಾಕಿದ್ಳು? ಗಂಜಿ ಯಾರು ಕುಡೀತಾರೆ ಅಂತ ಕೇಳಿದ್ಳು ನೋಡಿ, ಅದಕ್ಕೆ ಯಾರ ಹತ್ರ ಉತ್ತರ ಉಂಟು? ನಿಮ್ಮ ಹತ್ರ ಉಂಟಾ? ನನ್ನ ಹತ್ರ ಇರ್ಲಿಲ್ಲ!" ಎಂದು ತನ್ನ ಸೋಲನ್ನು ತಾನೇ ಮೂರು ಸಲ, ಹಾವಭಾವ ಸಮೇತ ಹೇಳಿದ. ಗೆದ್ದ ದಿನಗಳಲ್ಲೂ ಅವನು ಇಷ್ಟು ಮೆರೆದದ್ದಿಲ್ಲ.

"ಪದ ಇತ್ತು ತನಿಯಣ್ಣ," ಎಂದ ರೋಹಿದಾಸ, ತಪ್ಪೊಪ್ಪಿಕೊಳ್ಳುವವನಂತೆ. "ಎರಡು ಪದ ಇತ್ತು. ಹಾಡ್ಲಿಲ್ಲ."

"ಹಾಡಿದ್ರೆ ನಿನ್ನ ಜಾಗಟೆ ಮುರೀತಿದ್ದೆ," ಎಂದ ತನಿಯಪ್ಪ, ಮತ್ತು ಅವನ ತಟ್ಟೆಗೆ ತನ್ನ ಕೋಳಿ ತುಂಡು ಎತ್ತಿ ಹಾಕಿದ.

ಮೆಟ್ಟಿಲಿಳಿದು ಕಾರಿನ ಕಡೆ ನಡೆಯುವಾಗ ಕುಸುಮಾವತಿ ಮುಂದೆ, ಅಪ್ಪ ಮಗಳು ಹಿಂದೆ. ಬೀದಿಯಲ್ಲಿ ಅಂಗಡಿಗಳ ದೀಪಗಳು ಜಗಜಗ ಉರಿಯುತ್ತಿದ್ದವು. ತನಿಯಪ್ಪನಿಗೆ ಒಂದು ವಿಷಯ ಕೊರೆಯುತ್ತಲೇ ಇತ್ತು. ಅರ್ಥಧಾರಿಯ ಬುದ್ಧಿ, ಬಿಡುತ್ತದೆಯೇ?

"ಒಂದು ಕೇಳ್ತೇನೆ ಮಗಾ, ಸತ್ಯ ಹೇಳ್ಬೇಕು. ಆ ಡ್ರಾಕಿನ ಸುದ್ದಿ ನಾನೇ ಎತ್ತದೆ ಇರ್ತಿದ್ರೆ ಎಂತ ಮಾಡ್ತಿದ್ದೆ? ನಿನ್ನ ವಾದ ಅಲ್ಲಿಗೇ ಮುಗೀತಿತ್ತಲ್ಲ?"

ಅಪೇಕ್ಷಾ ಕನ್ನಡದಲ್ಲೇ ಹೇಳಬೇಕೆಂದು ಪದಗಳನ್ನು ಹುಡುಕುತ್ತಿದ್ದಳು.

"ನೀವು ಹೇಳಿಯೇ ಹೇಳ್ತೀರಿ ಅಂತ ಗೊತ್ತಿತ್ತು. ಯಾಕೆಂದ್ರೆ ನೀವು ಚಿನ್ನದ ಮೇಲೆ ಮಲಗುವ ಡ್ರ್ಯಾಗನ್ ಅಲ್ವೇ ಅಲ್ಲ, ಪಪ್ಪಾ. ನೀವು ತರುವ ಡ್ರ್ಯಾಗನ್ನೇ. ನಿಮಗೆ ಮನೆಯ ದಾರಿ ಮರ್ತುಹೋಗಿತ್ತು, ಅಷ್ಟೇ."

ತನಿಯಪ್ಪ ಇದಕ್ಕೆ ಉತ್ತರ ಹುಡುಕಲೂ ಹೋಗಲಿಲ್ಲ. ಬೀದಿಯ ನಡುವೆಯೇ ನಿಂತು, ಜನ ನೋಡುತ್ತಿದ್ದಾರೆಂಬ ಪರಿವೆಯೂ ಇಲ್ಲದೆ, ಮಗಳ ತಲೆಯನ್ನು ಎದೆಗೊತ್ತಿಕೊಂಡು ಅತ್ತುಬಿಟ್ಟ.